ರಾಜಿ ಸಕ್ಕರಿ

…ಅಲ್ಲಿ ಬ್ಯಾಡ್ರಿ ಸಾವ್ಕಾರ್ರ, ಆ ಬೆಂಚಿಗೆ ಒಂದು ಕಾಲಿಲ್ಲ. ಈ ಕಡೆ ಬರ್ರಿ, ನೆಳ್ಳಾಗ ಕುಂದ್ರಿ. ಹೂಂ. ಹೆದರಬ್ಯಾಡ್ರಿ, ನಿಮ್ಮ ಬಿಳಿ ಅಂಗಿಗೆ ಏನೂ ಹತ್ತೂದಿಲ್ಲ, ಸೈದಾಬಿ ದಿನಾ ಒರಸ್ತಾಳ. ಏ ಸೈದಾಬಿ! ಎರಡು ಚಾ ಮಾಡವ್ವ. ಒಂದಕ್ಕ ಸಕ್ಕರಿ ಹಾಕಬ್ಯಾಡ, ಸಾವ್ಕಾರ್ರಿಗೆ ಶುಗರ್ ಐತಿ… ಯಾಕ ಹಂಗ ನೋಡ್ತೀರಿ? ನಮ್ಮ ಬಡತನ ನಿಮಗ ಗೊತ್ತಿರತೈತಿ, ನಿಮ್ಮ ಶುಗರ್ ನಮಗ ಗೊತ್ತಿರಬಾರದೇನು?

ಏನು ಹೇಳಾಕತ್ತಿದ್ದೆ? ಹಾಂ, ಮೊಣಕಾಲು. ದೇವವ್ವಗ ಮೊಣಕಾಲು ಹಿಡಕೊಂಡೈತಿ. ಬಸ್ಸಿನ ಮೆಟ್ಟಲ ಹತ್ತಾಕ ಆಗವೊಲ್ತು. ಅದಕ್ಕ ಬ್ಯಾಡಗಿಯಿಂದ ನಾ ಒಬ್ಬಾಕೀನ ಬಂದೇನಿ. ನೀವೇನು ಕೇಳಲಿಲ್ಲ ಬಿಡ್ರಿ… ನಾನ ಹೇಳಾಕತ್ತೇನಿ.

ನನ್ನ ಗುರುತು ಹತ್ತೇತಿಲ್ಲೊ? ಹೊನ್ನವ್ವ. ಮೆಣಸಿನಕಾಯಿ ತೊಟ್ಟು ಬಿಡಸೂ ಹೆಣಮಕ್ಕಳ ಸಂಘದಾಕಿ. ಬ್ಯಾಡಗಿ ಮಾರ್ಕೆಟ್ ಗೇಟಿನ ಮುಂದ ಚೀಲಕ್ಕಿಷ್ಟು ಕೂಲಿ ಹೆಚ್ಚ ಮಾಡ್ರಿ ಅಂತ ಧರಣಿ ಕುಂತಾಗ, ನಿಮ್ಮ ಹೆಸರು ಹಿಡದು ಕೂಗಿದಾಕಿ ನಾನ. 'ರುದ್ರಮುನಿ ಸಾವ್ಕಾರಗ' ಅಂತ ನಾ ಅಂದ್ರ, ಹಿಂದಿನಿಂದ ಓಣಿಗೆ ಓಣಿನ 'ಧಿಕ್ಕಾರ!' ಅಂತಿತ್ತು. ನೀವು ಅಂಗಡಿ ಮಾಳಗಿ ಮ್ಯಾಲ ನಿಂತು ನೋಡಾಕತ್ತಿದ್ರಿ… ನಕ್ಕರೇನು? ಇಲ್ಲಾ? ತುಟಿ ಅಲಗಿದಂಗ ಕಾಣಸ್ತು.

ಅವತ್ತು ದೇವವ್ವ ನನ್ನ ಬಾಜೂಕ ನಿಂತಿದ್ಲು. ಆದ್ರ ಬಾಯಿ ಬಿಡಲಿಲ್ಲ. ಏ ದೇವಿ, ಯಾಕ ಕೂಗವೊಲ್ಲಿ ಅಂತ ಚಿವುಟಿದೆ. ಆಕಿ ಏನಂದ್ಲು ಗೊತ್ತೈತೇನು? 'ಹೊನ್ನಿ, ಆ ಹುಡುಗನ್ನ ನಾ ಸೊಂಟದ ಮ್ಯಾಲ ಹೊತ್ತು ಆಡಿಸೇನಿ. ಅವಗ ಧಿಕ್ಕಾರ ಹೆಂಗ ಅನ್ನಲಿ?' ನನಗ ಎಷ್ಟು ಸಿಟ್ಟು ಬಂತಂದ್ರ… ಇಂಥವರನ್ನ ಕಟಗೊಂಡು ಹೋರಾಟ ಮಾಡೂದು ಹೆಂಗ, ನೀವ ಹೇಳ್ರಿ! ಇಡೀ ವಾರ ಆಕೀನ್ನ ಮಾತಾಡಸಲಿಲ್ಲ ನಾ.

ಚಾ ಬಂತು. ಕುಡೀರಿ.

ನಿಮಗ ನೆನಪಿರಾಕಿಲ್ಲ, ಸಣ್ಣವರಿದ್ರಿ. ನಿಮ್ಮಪ್ಪಾರ ಅಂಗಡ್ಯಾಗ ಕಾಯಿ ರಾಶಿ ಮ್ಯಾಲ ಉಳ್ಳ್ಯಾಡಿ, ಅದ ಕೈಲೆ ಕಣ್ಣು ತಿಕ್ಕೊಂಡು ಚೀರಾಕತ್ತಿದ್ರಂತ. ಊರವರೆಲ್ಲ ಬ್ಯಾಡಗಿ ಕಾಯಿಗೆ ಬಣ್ಣ ಜಾಸ್ತಿ, ಖಾರ ಕಮ್ಮಿ ಅಂತಾರ. ಒಂದಿನ ತೊಟ್ಟು ಬಿಡಸಿ ನೋಡ್ಲಿ, ಅವರ ಬಾಯಿ ಮುಚ್ಚತೈತಿ. ಅಲ್ಲೇ ದುಡೀತಿದ್ದ ದೇವವ್ವನ ಕೈತುಂಬ ಖಾರ. ಆ ಕೈಲೆ ನಿಮ್ಮನ್ನ ಮುಟ್ಟೂ ಹಂಗಿರಲಿಲ್ಲ. ಕೈ ಹಿಂದ ಕಟಗೊಂಡು, ಬಗ್ಗಿ, ನಾಲಿಗೀಲೆ ನಿಮ್ಮ ಕಣ್ಣು ನೆಕ್ಕಿದ್ಲು. ಎಮ್ಮಿ ಕರಾ ನೆಕ್ಕಿದಂಗ. ಇದನ್ನ ಆಕಿ ಎಷ್ಟು ಸಲ ಹೇಳ್ತಿದ್ಲಂದ್ರ… ಹೇಳ್ತಾಳಂದ್ರ… ಕೇಳಿ ಕೇಳಿ ಸಾಕಾಗೈತಿ ನನಗ.

ಇರ್ಲಿ. ವ್ಯವಹಾರಕ್ಕ ಬರೂಣು.

ನಾ ಎಲ್ಲಾ ಖುಲ್ಲಾ ಮಾತಾಡಾಕಿ. ಜಗಳಕ್ಕ ಬಂದಿಲ್ಲ. ಮೂರು ದಿನದ ಹಿಂದ ಕಾಯಿನ್ ಬಾಕ್ಸಿನಿಂದ ನಿಮಗ ಫೋನ್ ಹಚ್ಚಿ, 'ಚೆಕ್ಕಿನ ಕೇಸು ಕೋರ್ಟಿನ ಹೊರಗ ಮುಗಸೂಣು, ಶನಿವಾರ ರಾಣಿಬೆನ್ನೂರಿಗೆ ಬರ್ತೇವಿ, ಕೋರ್ಟಿನ ಮುಂದಿನ ಸೈದಾಬಿ ಅಂಗಡಿಗೆ ಬರ್ರಿ' ಅಂದೆ. ನೀವು 'ಹೂಂ' ಅಂದು ಇಟ್ರಿ. ನಾ ಬೈಗಳಾ ತಯಾರ ಮಾಡಿಕೊಂಡಿದ್ದೆ, ಎಲ್ಲಾ ಖರ್ಚಾಗದ ಹಂಗ ಉಳದ್ವು ನೋಡ್ರಿ. ನೀವು ಹಿಂಗ ಲಗೂನ ಒಪ್ಪೂ ಪೈಕಿ ಅಲ್ಲ…

ಆ ಗೂಡಿನ್ಯಾಗ ಹಿತ್ತಾಳಿ ಡಬ್ಬಿ ಕಾಣತೈತೇನು? ಅಕಬರಬಿ ಡಬ್ಬಿ ಅದು, ಸೈದಾಬಿ ಅತ್ತೀದು. ಕೋರ್ಟಿಗೆ ಬಂದು ಹೋಗೂ ನಿಮಗ ನಾ ಏನು ಹೇಳೂದು, ಆದ್ರೂ ಹೇಳ್ತೇನಿ. ಒಳಗ ಜಡ್ಜಸಾಹೇಬ್ರು ಏನರ ಬರೀಲಿ, ವಕೀಲರು ಏನರ ಸಹಿ ಮಾಡಸ್ಲಿ, ಕೇಸು ಹಾಕಿದವ ಈ ಕಡೆ ಬಂದು, ಆ ಡಬ್ಬ್ಯಾಗಿನ ಸಕ್ಕರಿ ತನ್ನ ಕೈಲೆ ಇನ್ನೊಬ್ಬನ ಬಾಯಾಗ ಹಾಕಬೇಕು. 'ನಿನ್ನ ಮ್ಯಾಲ ನಂದೇನೂ ಇಲ್ಲ' ಅನ್ನಬೇಕು. ಆವಾಗ ರಾಜಿ. ಬರೇ ಕಾಗದದ ರಾಜಿ ನಮ್ಮ ಓಣ್ಯಾಗ ನಡ್ಯೂದಿಲ್ಲ. ಇಬ್ಬರೂ ಇರಬೇಕು, ಎದರಾ ಬದರಾ. ಒಬ್ಬರ ಸಕ್ಕರಿ ಇನ್ನೊಬ್ಬರು ತಿಂದ್ರ ಅದು ರಾಜಿ ಅಲ್ಲ, ಚಾದಂಗಡಿ ಸಕ್ಕರಿ ಕದ್ದಂಗ.

ಹಾಂ, ಹೌದು. ಇಬ್ಬರೂ ಇರಬೇಕು. ದೇವವ್ವ… ಮುಂದಿನ ಬಸ್ಸಿಗೆ ಬರ್ತಾಳ. ಬರ್ತೇನಿ ಅಂದಾಳ.

ಖರೇ ಹೇಳ್ರಿ ಸಾವ್ಕಾರ್ರ, ಆ ಚೆಕ್ಕಿನ ಮ್ಯಾಲ ದೇವವ್ವ ಬರದದ್ದೇನು? ಬರೇ ಹೆಸರು. ಉಳದದ್ದೆಲ್ಲ ನಿಮ್ಮ ಪೆನ್ನು. ತೊಟ್ಟು ಬಿಡಸಾಕ ಕಾಯಿ ಚೀಲ ಮನಿಗೆ ಒಯ್ಯೂವಾಗ 'ಭರವಸಿಗೊಂದು ಖಾಲಿ ಚೆಕ್ ಕೊಟ್ಟಿರು ದೇವಕ್ಕಾ, ಪೆಟ್ಟಿಗ್ಯಾಗ ಇಟ್ಟಿರ್ತೇನಿ' ಅಂದ್ರಿ. ದೇವಕ್ಕಾ! ಅಕ್ಕಾ ಅಂತ ಕರದು ಚೆಕ್ ಇಸಗೊಂಡ್ರಿ. ಸಂಘದ ಖಾತೆ ಆಕಿ ಹೆಸರಿಗೆ ಇತ್ತು. ಆಕಿ ಎಷ್ಟು ಖುಷೀಲೆ ಸಹಿ ಮಾಡಿದ್ಲು ಗೊತ್ತೈತೇನು? ನಾಲಿಗಿ ಹೊರಗ ಹಾಕಿ, ಒಂದೊಂದ ಅಕ್ಷರಕ್ಕ ಉಸರು ಹಿಡದು… ದೇ… ವ… ವ್ವ.

ಆ ಮೂರು ಅಕ್ಷರ ನಾ ಕಲಸಿದ್ದು. ಸಾಕ್ಷರತಾ ಚಳವಳಿಯೊಳಗ, ಕಂದೀಲ ಬೆಳಕಿನ್ಯಾಗ. ನಾ ಏನು ಸಾಲಿ ಕಲತಾಕಿ ಅಲ್ಲ, ಪೊಟ್ಟಣದ ಕಾಗದ ಓದಿ ಓದಿ ಕಲತಾಕಿ. ಹೆಬ್ಬೆಟ್ಟು ಒತ್ತಬ್ಯಾಡ್ರೆವ್ವ, ಹೆಬ್ಬೆಟ್ಟು ಅಂದ್ರ ಗುಲಾಮಗಿರಿ, ಸಹಿ ಅಂದ್ರ ಸ್ವಾತಂತ್ರ್ಯ ಅಂತ ಭಾಷಣ ಬಿಗದೆ. ಆಕಿ ಕಲತ್ಲು. ಹೆಬ್ಬೆಟ್ಟಿನಾಕಿ ಆಗಿದ್ರ ಬ್ಯಾಂಕಿನವರು ಚೆಕ್ ಪುಸ್ತಕನ ಕೊಡ್ತಿರಲಿಲ್ಲ! ಓದು ಬರಾ ಇಲ್ಲದಾಕಿಗೆ ಈ ಚೆಕ್ ಬೌನ್ಸಿನ ಸೆಕ್ಷನ್ ನೂರಾ ಮೂವತ್ತೆಂಟು ಮುಟ್ಟತಿರಲಿಲ್ಲ. ಸಹಿ ಕಲತಾಕಿ ಆರೋಪಿ ಆದ್ಲು. ನೋಡ್ರಿ, ಇದು ನಮ್ಮ ಸ್ವಾತಂತ್ರ್ಯ!

ಸೋರೂ ಮನಿ. ಅಕಾಲದ ಮಳಿ. ಚೀಲಕ್ಕ ನೀರು ಹೊಕ್ತು, ಕಾಯಿ ಬೂಷ್ಟು ಹಿಡೀತು. ಆಕಿ ಮುಚ್ಚಿಟ್ಲೇನು? ಇಲ್ಲ. ಮರುದಿನ ಮುಂಜಾನೆ, ಒದ್ದಿ ಕಾಯಿ ಉಡ್ಯಾಗ ಕಟಗೊಂಡು ನಿಮ್ಮ ಅಂಗಡಿಗೆ ಬಂದು ಸುರದ್ಲು. 'ತಮ್ಮಾ, ಹಿಂಗಾತು. ಕೂಲಿ ಇಲ್ಲದ ದುಡದು ತೀರಸ್ತೇನಿ' ಅಂದ್ಲು. ನೀವು ಎದ್ದು ನಿಂತು, ಮಾರ್ಕೆಟ್ಟಿಗೆ ಮಾರ್ಕೆಟ್ಟ ಕೇಳೂ ಹಂಗ ಏನಂದ್ರಿ? ಹೇಳ್ರಿ. ನಾಚಿಕಿ ಬರತೈತೇನು? ನಾನ ಹೇಳ್ತೇನಿ. 'ಕಳ್ಳಿ.' ಅಂದ್ರಿ. 'ಒಳ್ಳೆ ಕಾಯಿ ಮಾರಿಕೊಂಡು ಕೊಳತದ್ದು ತಂದಿ, ಕಳ್ಳಿ' ಅಂದ್ರಿ.

ನಿಮಗೂ ಸುಖ ಇರಲಿಲ್ಲ, ಗೊತ್ತೈತಿ. ನಿಮ್ಮ ಮಾಲು ಒಯ್ದ ದೊಡ್ಡ ವ್ಯಾಪಾರಿ ಕೈ ಎತ್ತಿದ್ದ. ನಿಮ್ಮ ಮ್ಯಾಲೂ ಯಾರೋ ಚೆಕ್ಕಿನ ಕೇಸು ಹಾಕಿದ್ರು. ಮ್ಯಾಲಿನವ ನಿಮ್ಮ ಕುತ್ತಿಗಿ ಹಿಡದ, ನೀವು ಕೆಳಗಿನಾಕಿ ಕುತ್ತಿಗಿ ಹಿಡದ್ರಿ. ಹಿಡ್ಯಾಕ ಆಕಿ ಕೆಳಗ ಯಾರೂ ಇರಲಿಲ್ಲ. ಅಷ್ಟ ಫರಕು. ಬ್ಯಾಡಗಿ ಅಂಗಡಿ ಮುಚ್ಚಿ ಇಲ್ಲಿ ಬೀಜದ ಅಂಗಡಿ ತಗದ್ರಿ, ಇಲ್ಲಿನ ಬ್ಯಾಂಕಿಗೆ ಚೆಕ್ ಹಾಕಿದ್ರಿ, ರೊಕ್ಕ ಇಲ್ಲಂತ ಅದು ತಿರುಗಿ ಬಂತು, ಇಲ್ಲಿನ ಕೋರ್ಟಿಗೆ ಆಕೀನ್ನ ಎಳದ್ರಿ.

ತಾರೀಖಿಗೊಮ್ಮೆ ಬಸ್ ಹತ್ತಿ ಬರ್ತಿದ್ವಿ ನಾವಿಬ್ಬರು. ಕದರಮಂಡಲಗಿ ಬಂತಂದ್ರ ಆಕಿ ಕಿಡಕ್ಯಾಗಿಂದ ಹಣಮಪ್ಪಗ ಕೈ ಮುಗೀತಿದ್ಲು. ಏನು ಬೇಡಿಕೊಂಡಿ ಅಂದ್ರ, 'ಇವತ್ತ ರುದ್ರಮುನಿ ನನ್ನ ಕಡೆ ನೋಡಲಿ ಅಂತ' ಅಂತಿದ್ಲು. ಕೇಸು ಹಾರಿ ಹೋಗಲಿ ಅಂತ ಬೇಡಲೆ ಹುಚ್ಚಿ! ಅಂದ್ರ… ಹಂ. ಒಳಗ ಜವಾನ ಕೂಗತಿದ್ದ: 'ದೇವವ್ವ ಕೋಂ ಫಕ್ಕೀರಪ್ಪ!' ಈಕಿ ಹೊಲದಾಗಿಂದ ಓಗೊಟ್ಟಂಗ 'ಓ… ಬಂದ್ನೆಪ್ಪಾ!' ಅಂತಿದ್ಲು. ಕೋರ್ಟಿಗೆ ಕೋರ್ಟ ನಗತಿತ್ತು. ಜಡ್ಜಸಾಹೇಬ್ರೂ ಒಮ್ಮೆ ನಕ್ರು. ನೀವು ಮಾತ್ರ ತಲಿ ತಗ್ಗಿಸಿ ಮೊಬೈಲು ಒತ್ತಕೋತ ಕುಂದರ್ತಿದ್ರಿ. ಒಮ್ಮೆ ನೋಡಿದ್ರ ಏನಾಗತಿತ್ತು? ಆಕಿ ನಿಮ್ಮನ್ನ ನುಂಗತಿದ್ಲೇನು?

ಒಂದು ತಾರೀಖು ಜ್ವರ ಬಂದು ತಪ್ಪಿತು. ವಾರಂಟ್ ಬಂತು. ಪೊಲೀಸಪ್ಪ ಓಣ್ಯಾಗ ನಿಂತು 'ಆ ಚೆಕ್ಕಿನ ಕೇಸಿನ ದೇವವ್ವನ ಮನಿ ಯಾವುದು' ಅಂತ ಮನಿಮನಿ ಕೇಳಿದ. ಅಲ್ಲಿಂದ ಆಕಿ ಹೆಸರು ಹೋತು. ಹೊಸ ಹೆಸರು ಬಂತು, ನೀವು ಇಟ್ಟದ್ದು. ಮಗಳು ಉಚ್ಚಂಗೆವ್ವನ್ನ ಕಾಗಿನೆಲಿಗೆ ಕೊಟ್ಟೇವಿ. ಆ ಹುಡುಗಿ ರೊಟ್ಟಿಗೆ ಒಂದು ಹನಿ ಎಣ್ಣಿ ಜಾಸ್ತಿ ಹಾಕಿಕೊಂಡ್ರೂ ಅತ್ತಿ ಅಂತಾಳಂತ, 'ಕಳ್ಳಿ ಮಗಳಲ್ಲೇನು.' ಒಂದು ಮಾತು ಸಾವ್ಕಾರ್ರ, ನೀವು ಸಿಟ್ಟಿನ್ಯಾಗ ಅಂದ ಒಂದು ಮಾತು ಬ್ಯಾಡಗಿಯಿಂದ ಕಾಗಿನೆಲಿತನಕ ನಡಕೋತ ಹೋಗೇತಿ. ಅದನ್ನ ತಿರುಗಿ ಕರಕೊಂಡು ಬರೂದು ನಿಮ್ಮೊಬ್ಬರ ಕೈಯಾಗ ಐತಿ. ಅದಕ್ಕ ನಾ ಬಂದೇನಿ. ಬೇರೆ ಏನೂ ಬ್ಯಾಡ.

ತಗೋರಿ. ಈ ಗಂಟು. ನಿಮಗ ಕೊಡೂದು ಉಳದದ್ದು ಇಷ್ಟ. ತೊಟ್ಟು ಬಿಡಸಿ ಬಿಡಸಿ ಕೂಡಿಟ್ಟದ್ದು, ಕೆಮ್ಮಿಕೋತ ಕೆಮ್ಮಿಕೋತ. ನಾ ಅಂದೆ, ದೇವಿ, ಕೊಡಬ್ಯಾಡ, ಕೋರ್ಟಿನ್ಯಾಗ ಬಡದಾಡೂಣು, ಚೀಲ ಒಯ್ಯೂ ಹೆಣಮಕ್ಕಳಿಂದ ಖಾಲಿ ಚೆಕ್ ಇಸಗೊಳ್ಳೂದ ಅನ್ಯಾಯ. 'ಕಾಯಿ ಕೊಳತದ್ದು ಖರೇ ಐತಲ್ಲ ಹೊನ್ನಿ' ಅಂದ್ಲು. ಏನು ಮಾಡೂದು ಇಂಥಾಕಿಗೆ! … ಎಣಸ್ರಿ. ಯಾಕ? ಎಣಸವೊಲ್ರಿ? ನಿಮ್ಮಪ್ಪಾರಾಗಿದ್ರ ಎರಡು ಸಲ ಎಣಸಿ, ಮೂರನೇ ಸಲ ನಿಮ್ಮ ಕೈಲೆ ಎಣಸ್ತಿದ್ರು. ಏ… ಏ… ಯಾಕ ಈ ಕಡೆ ಸರಸ್ತೀರಿ? ಇದೇನು ದಾನಾ? ಆಕಿಗೆ ನಿಮ್ಮ ದಾನ ಬ್ಯಾಡ. ಇಟಗೋರಿ!

ಆಕಿ… ಇವತ್ತ ಬರ್ತಿದ್ಲು. ಕಾಗಿನೆಲಿಗೆ ಹೋಗ್ಯಾಳ, ಮಗಳಿಗೆ ಆರಾಮಿಲ್ಲ ಅಂತ. ಹಂಗಾಗಿ ಬರೂದು ಆಗವೊಲ್ತು.

ಏನು? ನಾ ಮೊದಲು ಮೊಣಕಾಲು ಅಂದ್ನೆ? ಮುಂದಿನ ಬಸ್ಸಂತೂ ಅಂದೆ… ಹೌದು. ಮೊಣಕಾಲೂ ಐತಿ. ಮೊಣಕಾಲು ಇದ್ದಾಕಿ ಕಾಗಿನೆಲಿಗೆ ಹೋಗಬಾರದೇನು? ನೀವೇನು ವಕೀಲರಂಗ ಪಾಟೀ ಸವಾಲು ಮಾಡಬ್ಯಾಡ್ರಿ… ಇಲ್ಲ, ನೀವೇನೂ ಅನ್ನಲಿಲ್ಲ. ಹೌದು. ನೀವು ಏನೂ ಅನ್ನಲಿಲ್ಲ.

ಸೈದಾಬಿ, ಡಬ್ಬಿ ಕೊಡವ್ವ ಇಲ್ಲಿ. ಯಾಕ ಆ ಕಡೆ ಮಾರಿ ತಿರುವಿದಿ? ಹೊಗಿ ಹತ್ತೇತೇನು? ಒಲಿ ಆರಿ ಎಷ್ಟೊತ್ತಾತು… ಕೊಡು.

ತಗೋರಿ ಸಾವ್ಕಾರ್ರ. ಒಂದು ಚಿಟಿಗಿ ತಗೋರಿ. ಇವತ್ತ ನಾನ ಬಾಯಿ ತಗೀತೇನಿ, ದೇವವ್ವನ ಪರವಾಗಿ. 'ದೇವವ್ವಾ, ನೀ ಮೋಸ ಮಾಡಿಲ್ಲ, ನಿನ್ನ ಮ್ಯಾಲ ನಂದೇನೂ ಇಲ್ಲ' ಅನ್ರಿ. ಜೋರಾಗಿ ಅನ್ರಿ. ಅಕಾ ನೋಡ್ರಿ, ಬ್ಯಾಡಗಿ ಮಂದಿ ಅಲ್ಲಿ ಬಸ್ಸಿಗೆ ನಿಂತಾರ. ಅವರ ಕಿವಿಗೆ ಬೀಳಲಿ. ಸಂಜಿಕ ಊರು ಮುಟ್ಟತೈತಿ, ನಾಳಿಗೆ ಕಾಗಿನೆಲಿ. ಹೂಂ… ತಗೊಂಡ್ರಿ?

ತಗೊಂಡ್ರಿ.

ಯಾಕ ತಗೊಂಡ್ರಿ?

ಅಲ್ಲ… ಇದು ರೀತಿ ಅಲ್ಲ. ನಿಮಗ ಗೊತ್ತೈತಿ, ಇದು ರೀತಿ ಅಲ್ಲ ಅಂತ. ಒಬ್ಬರ ಸಕ್ಕರಿ ಇನ್ನೊಬ್ಬರು ತಿನ್ನೂದಿಲ್ಲ, ಈಗರ ನಾನ ಹೇಳೇನಿ. 'ಆಕೀನ್ನ ಕರಕೊಂಡು ಬಾ ಹೊನ್ನವ್ವ, ಆಮ್ಯಾಲ ನೋಡೂಣು' ಅನಬೇಕಾಗಿತ್ತು ನೀವು. ನಾ ಅದಕ್ಕ ಜವಾಬು ಇಟಗೊಂಡು ಬಂದಿದ್ದೆ. ಎಷ್ಟು ಜವಾಬು! ಬಸ್ಸಿನ್ಯಾಗ ಕುಂತು ಜೋಡಿಸಿಕೊಂಡು ಬಂದೇನಿ. ಮೊಣಕಾಲು, ಬಸ್ಸು, ಕಾಗಿನೆಲಿ, ಅದೂ ಸಾಲದಿದ್ರ ದೇವರಗುಡ್ಡಕ್ಕ ಹರಕಿ ಮುಟ್ಟಸಾಕ ಹೋಗ್ಯಾಳ ಅಂತ. ಎಲ್ಲಾ ಜವಾಬು ನಾನ ಒದರೇನಿ, ನಿಮ್ಮದೊಂದೂ ಸವಾಲು ಬರಲಿಲ್ಲ.

ಬಂದು ಕುಂತಾಗಿಂದ ನೀವು ಒಮ್ಮೆನೂ ಕೇಳಲಿಲ್ಲ. 'ದೇವವ್ವ ಎಲ್ಲಿ' ಅಂತ ಒಮ್ಮೆನೂ ಕೇಳಲಿಲ್ಲ.

…ಗೊತ್ತೈತಿ.

ನಿಮಗ ಗೊತ್ತೈತಿ.

ಯಾವಾಗ ಗೊತ್ತಾತು? ಫೋನ್ ಮಾಡಿದಾಗನ ಗೊತ್ತಿತ್ತೇನು? ಆ 'ಹೂಂ'… ಅದಕ್ಕ ಅಷ್ಟು ಸಣ್ಣ ದನಿ ಇತ್ತೇನು? ಮಾತಾಡ್ರಿ! ಇಲ್ಲ… ಬ್ಯಾಡ. ಮಾತಾಡಬ್ಯಾಡ್ರಿ.

ಸೋಮವಾರ. ಹಾವೇರಿ ದವಾಖಾನ್ಯಾಗ. ಕೆಮ್ಮು ಎದಿಗೆ ಇಳದಿತ್ತು. ನಾ ಒಬ್ಬಾಕೀನ ಇದ್ದೆ ಬಾಜೂಕ. ಮಣ್ಣು ಮಾಡಿ, ಕೈಕಾಲು ತೊಳಕೊಂಡು, ಸೀದಾ ಮೃಣಾಲಿನಿ ವಕೀಲಬಾಯಿ ಮನಿಗೆ ಹೋದೆ. ಬಾಯಾರ, ಕೇಸಿಂದು ಹೆಂಗ ಅಂದೆ. 'ಆರೋಪಿ ತೀರಿಕೊಂಡ್ರ ಕೇಸು ತಾನ ಮುಗೀತೈತಿ ಹೊನ್ನವ್ವ, ಮರಣದ ದಾಖಲೆ ತಂದುಕೊಡು, ಸಾಕು' ಅಂದ್ರು. ಮುಗೀತೈತಿ ಅಂದ್ರ? ಆಕೀದು ತಪ್ಪಿಲ್ಲ ಅಂತ ಬರೀತಾರೇನು? 'ಇಲ್ಲ. ತಪ್ಪು ಅಂತನೂ ಇಲ್ಲ, ತಪ್ಪಿಲ್ಲ ಅಂತನೂ ಇಲ್ಲ. ಫೈಲು ಮುಚ್ಚತಾರ.' ಅಷ್ಟ! ಸತ್ತಾಕಿಗೆ ಶಿಕ್ಷಾನೂ ಇಲ್ಲ, ಬಿಡುಗಡೀನೂ ಇಲ್ಲ. ಕಳ್ಳಿ ಅನ್ನೂ ಮಾತು ಫೈಲಿನ್ಯಾಗ ಇರಲಿಲ್ಲ ನೋಡ್ರಿ, ಅದನ್ನ ಮುಚ್ಚಾಕ ಬರೂದಿಲ್ಲ. ಅದು ಓಣ್ಯಾಗ ಐತಿ.

ಅದಕ್ಕ ಮುಚ್ಚಿಟ್ಟೆ. ಆಕಿ ಹೋದ ಸುದ್ದಿ ಮುಟ್ಟಿದ್ರ ನೀವು ಬರೂದಿಲ್ಲ ಅನಕೊಂಡೆ. ಯಾಕ ಬರ್ತೀರಿ? ಕೇಸು ತಾನ ಸಾಯತೈತಿ, ಬೀಜದ ಅಂಗಡ್ಯಾಗ ಕುಂತು ತೂಗಬಹುದು. ಬದುಕ್ಯಾಳ ಅಂದ್ರ ಬಂದು ಒಂದು ಮಾತು ಅಂತೀರಿ, ಆ ಮಾತು ಇಸಗೊಂಡು ಹೋಗೂಣು ಅಂತ… ಸತ್ತ ಗೆಣತೀನ್ನ ಬಸ್ಸಿನ್ಯಾಗ ಕುಂಡ್ರಿಸಿಕೊಂಡು ಬಂದೆ.

ಆದ್ರ ನಿಮಗ ಗೊತ್ತಿತ್ತು. ಗೊತ್ತಿದ್ದೂ ಬಂದ್ರಿ.

ಯಾಕ ಬಂದ್ರಿ? ಈಗ್ಯಾಕ ಬಂದ್ರಿ? ಬದುಕಿದ್ದಾಗ ಇಷ್ಟು ತಾರೀಖಿಗೆ ಎದರಿಗೆ ಕುಂತಾಕೀನ್ನ ಕಣ್ಣೆತ್ತಿ ನೋಡಲಿಲ್ಲ ನೀವು. ಈಗ ಖಾಲಿ ಬೆಂಚಿನ ಮುಂದ ಬಂದು ಕುಂತೀರಿ! ನಿಮಗ ಧಿಕ್ಕಾರ… ಧಿಕ್ಕಾರ ಅನಬೇಕು ನಾ. ದನೀನ ಏಳವೊಲ್ತು ನೋಡ್ರಿ. ಮಾರ್ಕೆಟ್ ಗೇಟು ನಡುಗಸಿದ ದನಿ…

ಆ ದಿನ, ಕಡೀಗೆ, 'ಹೊನ್ನಿ, ರಾಜಿ ಆತೇನ?' ಅಂದ್ಲು. ನಾ ಅಂದೆ, ಆತು ದೇವಿ. ನಿನ್ನ ರುದ್ರಮುನಿ ಸಕ್ಕರಿ ಹಿಡಕೊಂಡು ಬರಾಕತ್ತಾನ, ಹೊರಗ ಗಾಡಿ ನಿಂದರಸಾಕತ್ತಾನ. ಹುಟ್ಟಾ ಸುಳ್ಳು ಹೇಳದಾಕಿ ನಾ… ಆಕಿ ನಂಬಿದ್ಲು. ಬಾಯಿ ತಗದ್ಲು. ತಗದು ಬಾಗಲಾ ನೋಡಿಕೋತ ಇದ್ಲು. ನನ್ನ ಕೈಯಾಗ ಸಕ್ಕರಿ ಇರಲಿಲ್ಲ. ನೀರು ಬಿಟ್ಟೆ.

…ಏನದು ಕಣ್ಣಾಗ? ಒರಸಬ್ಯಾಡ್ರಿ. ಕೈಯಾಗ ಸಕ್ಕರಿ ಐತಿ, ಕಣ್ಣಿಗೆ ಹತ್ತತೈತಿ. ಏ ತಮ್ಮಾ… ಒರಸಬ್ಯಾಡೋ ಅಂದ್ರ. ನೆಕ್ಕಾಕ ಆಕಿ ಇಲ್ಲ ಈಗ.

ಚೆಲ್ಲಬ್ಯಾಡ. ಮುಟಗಿ ಹಿಡಕೋ, ಹಂಗ. ಬ್ಯಾಡಗಿಗೆ ಹೋಗೂಣು. ಓಣ್ಯಾಗ ನಿಂತು ಅನ್ನೀಯಂತ, ಆಮ್ಯಾಲ ಆಕಿ ಮಣ್ಣಿನ ಮ್ಯಾಲ ಉದುರಸೀಯಂತ, ಇರಿವಿ ತಿನ್ನಲಿ. ಬರ್ತೀಯಲ್ಲ? ಬಾ… ಅದಕ್ಕೂ ಮೊದಲು ಒಂದ ಒಂದು ಕೆಲಸ ಮಾಡು. ಕೇಳು. ಬರೇ ಒಮ್ಮೆ ಬಾಯಿ ಬಿಟ್ಟು ಕೇಳು, ದೇವಕ್ಕ ಎಲ್ಲಿ ಅಂತ. ಆ ಸವಾಲು ಯಾರರ ಕೇಳಲಿ ಅಂತ ಸೋಮವಾರದಿಂದ ಕಾಯಾಕತ್ತೇನಿ. ಓಣ್ಯಾಗ ಎಲ್ಲಾರಿಗೂ ಗೊತ್ತೈತಿ, ಯಾರೂ ಕೇಳವೊಲ್ರು.

ಕೇಳೋ ತಮ್ಮಾ.

ಬರಾಕತ್ತಾಳ ಅಂತೇನಿ. ಮುಂದಿನ ಬಸ್ಸಿಗೆ.